ಐದು ವರ್ಷ ತಣ್ಣಗಿದ್ದ ಹಗೆ ಮತ್ತೆ ಎದ್ದಿದ್ದು ಯಾಕೆ? 'ಹ್ಯಾಟ್‌ಫೀಲ್ಡ್ಸ್ ಅಂಡ್ ಮೆಕಾಯ್ಸ್' ನೋಡಿದವರು ಬನ್ನಿ

ಗುಡ್ಡದಾಚೆ

ಅಮೆರಿಕದ ಹಿಸ್ಟರಿ ಚಾನೆಲ್‌ನವರು 2012ರಲ್ಲಿ ಮಾಡಿದ ಈ ಧಾರಾವಾಹಿಯನ್ನು ಇಲ್ಲಿ ಯಾರ್‍ಯಾರು ನೋಡಿದ್ದೀರಿ? ಮೂರೇ ಭಾಗ. ಮೇ 28, 29, 30 ಹೀಗೆ ಸತತ ಮೂರು ರಾತ್ರಿ ಪ್ರಸಾರವಾಯಿತು. ಕೊನೆಯ ರಾತ್ರಿ ಅಲ್ಲಿ 1.4 ಕೋಟಿ ಜನ ಟಿವಿ ಮುಂದೆ ಕೂತಿದ್ದರು. ಒಂದು ಕೇಬಲ್ ಚಾನೆಲ್‌ಗೆ ಅದು ಬಹಳ ದೊಡ್ಡ ಸಂಖ್ಯೆ. ಹ್ಯಾಟ್‌ಫೀಲ್ಡ್ ಮನೆಯ ಯಜಮಾನ 'ಡೆವಿಲ್ ಆನ್ಸ್' ಆಗಿ ಕೆವಿನ್ ಕಾಸ್ಟ್ನರ್, ಮೆಕಾಯ್ ಮನೆಯ ಯಜಮಾನ ರ್‍ಯಾಂಡಲ್ ಆಗಿ ಬಿಲ್ ಪ್ಯಾಕ್ಸ್ಟನ್. ನಿರ್ದೇಶನ ಕೆವಿನ್ ರೆನಾಲ್ಡ್ಸ್. ಕಥೆಯನ್ನು ಪೂರ್ತಿ ಬಿಚ್ಚಿಡುತ್ತಿದ್ದೇನೆ. ನೋಡದವರು ಇಲ್ಲೇ ನಿಂತುಬಿಡಿ.

ನೋಡದಿದ್ದರೂ ಓದುತ್ತೇನೆ ಅನ್ನುವವರಿಗೆ ಹಿನ್ನೆಲೆ ಇಷ್ಟು. ವೆಸ್ಟ್ ವರ್ಜೀನಿಯಾ ಮತ್ತು ಕೆಂಟಕಿ ರಾಜ್ಯಗಳ ಗಡಿಯಲ್ಲಿ ಟಗ್ ಫೋರ್ಕ್ ಅನ್ನುವ ಹೊಳೆ ಹರಿಯುತ್ತದೆ. ಆ ದಡದಲ್ಲಿ ಹೆಚ್ಚಾಗಿ ಹ್ಯಾಟ್‌ಫೀಲ್ಡ್‌ಗಳು, ಈ ದಡದಲ್ಲಿ ಹೆಚ್ಚಾಗಿ ಮೆಕಾಯ್‌ಗಳು. ಅಂತರ್ಯುದ್ಧ ಮುಗಿಯುತ್ತಾ ಬಂದಿದ್ದ 1865ರ ಜನವರಿಯಲ್ಲಿ ರ್‍ಯಾಂಡಲ್‌ನ ತಮ್ಮ ಏಸಾ ಹಾರ್ಮನ್ ಮೆಕಾಯ್ ಕೊಲೆಯಾದ. ಅವನು ಉತ್ತರದ ಸೈನ್ಯ ಸೇರಿ ವಾಪಸ್ ಬಂದವನು. ಕೊಂದವರು ಹ್ಯಾಟ್‌ಫೀಲ್ಡ್ ಕಡೆಯವರು ಅನ್ನುವ ಗುಮಾನಿ ಇತ್ತು, ಕೇಸು ನಡೆಯಲಿಲ್ಲ. 1878ರಲ್ಲಿ ಒಂದು ಹಂದಿಯ ವಿಷಯಕ್ಕೆ ಪಂಚಾಯ್ತಿ. 1880ರಲ್ಲಿ ಆನ್ಸ್‌ನ ಮಗ ಜಾನ್ಸ್ ಮತ್ತು ರ್‍ಯಾಂಡಲ್‌ನ ಮಗಳು ರೋಸಾನಾ ಪ್ರೀತಿ. 1882ರ ಆಗಸ್ಟ್‌ನಲ್ಲಿ ಚುನಾವಣೆ ದಿನ ರ್‍ಯಾಂಡಲ್‌ನ ಮೂವರು ಮಕ್ಕಳು ಆನ್ಸ್‌ನ ತಮ್ಮ ಎಲಿಸನ್‌ನನ್ನು ಚಾಕುವಿನಿಂದ ಇರಿದು, ಗುಂಡು ಹೊಡೆದರು. ಎಲಿಸನ್ ಎರಡು ದಿನ ನರಳಿ ಸತ್ತ. ಅದೇ ದಿನ ಹ್ಯಾಟ್‌ಫೀಲ್ಡ್‌ಗಳು ಆ ಮೂವರನ್ನೂ ಪಾಪಾ ಗಿಡಗಳಿಗೆ ಕಟ್ಟಿ ಗುಂಡಿಟ್ಟು ಕೊಂದರು. ಇದು ನಮ್ಮ ಪರಂಗಿ ಅಲ್ಲ, ಆ ಕಾಡಿನಲ್ಲಿ ತಾನಾಗೇ ಬೆಳೆಯುವ ಬೇರೆ ಹಣ್ಣಿನ ಗಿಡ.

ನನ್ನ ಮಾತು ಶುರುವಾಗುವುದು ಇಲ್ಲಿಂದ. ಈ ನಾಲ್ಕು ಸಾವಿನ ನಂತರ ಏನಾಯಿತು? ಕೆಂಟಕಿ ಕೋರ್ಟು 20 ಜನರ ಮೇಲೆ ಆರೋಪ ಹೊರಿಸಿತು. ಹೊಳೆ ದಾಟಿ ಹೋಗಿ ಹಿಡಿಯುವ ಧೈರ್ಯ ಯಾರಿಗೂ ಇರಲಿಲ್ಲ. ಐದು ವರ್ಷ ಹಾಗೇ ಕಳೆಯಿತು. ನಡುವೆ 1886ರಲ್ಲಿ ಜೆಫ್ ಮೆಕಾಯ್ ಅನ್ನುವವನ ಕೊಲೆ ಆಯಿತು. ಅದು ಬಿಟ್ಟರೆ ಎರಡು ಮನೆಯವರೂ ತಮ್ಮ ತಮ್ಮ ದಡದಲ್ಲಿ ಉಳುಮೆ ಮಾಡಿಕೊಂಡು, ಮರ ಕಡಿದುಕೊಂಡು ಬದುಕಿದರು. ಆಮೇಲೆ 1887ರಲ್ಲಿ ಇದ್ದಕ್ಕಿದ್ದಂತೆ ವಾರಂಟು, ಬಹುಮಾನ, ಬಂದೂಕು ಹಿಡಿದ ದಂಡು. 1888ರ ಹೊಸ ವರ್ಷದ ದಿನ ರ್‍ಯಾಂಡಲ್‌ನ ಮನೆಗೆ ಬೆಂಕಿ.

ಧಾರಾವಾಹಿ ನೋಡಿದರೆ ಈ ಐದು ವರ್ಷ ಗೊತ್ತೇ ಆಗುವುದಿಲ್ಲ. ಒಂದು ಕೊಲೆ, ಅದಕ್ಕೊಂದು ಸೇಡು, ಅದಕ್ಕೆ ಇನ್ನೊಂದು ಅಂತ ಓಡುತ್ತದೆ. ರಕ್ತದಲ್ಲೇ ಹಗೆ ಇದ್ದ ಜನ ಅನ್ನಿಸಿಬಿಡುತ್ತದೆ. ನನಗೆ ಅದು ಒಪ್ಪಿಗೆಯಿಲ್ಲ. ಆರಿಹೋಗುತ್ತಿದ್ದ ಜಗಳವನ್ನು ಹೊರಗಿನ ಲಾಭಕ್ಕಾಗಿ ಯಾರೋ ಎಬ್ಬಿಸಿದರು ಅನ್ನುವುದು ನನ್ನ ಗಟ್ಟಿ ಅಭಿಪ್ರಾಯ. ನೀವೇನಂತೀರಿ?

ಧಾರವಾಡದ ಹುಡುಗ

ನೋಡಿದ್ದೇನೆ ರೀ. ಒಂದೇ ಭಾನುವಾರ ಮೂರೂ ಭಾಗ ಮುಗಿಸಿದೆ. ಹಂದಿ ಕದ್ದಿದ್ದಕ್ಕೆ ಇಷ್ಟೆಲ್ಲ ಆಯಿತು ಅಂತಲೇ ಎಲ್ಲರೂ ಹೇಳುವುದು. ಆ ಹಂದಿ ಪಂಚಾಯ್ತಿ ನಿಜವಾಗಿ ನಡೆದದ್ದಾ?

ಗುಡ್ಡದಾಚೆ

ನಿಜ. ಅಲ್ಲಿ ಹಂದಿಗಳನ್ನು ಕಾಡಿಗೆ ಬಿಟ್ಟು ಮೇಯಿಸುತ್ತಿದ್ದರು. ಯಾವುದು ಯಾರದ್ದು ಅಂತ ಗೊತ್ತಾಗಲು ಕಿವಿಗೆ ಗುರುತು ಹಾಕುತ್ತಿದ್ದರು. ಫ್ಲಾಯ್ಡ್ ಹ್ಯಾಟ್‌ಫೀಲ್ಡ್ ಹತ್ತಿರ ಇರುವ ಹಂದಿಯ ಕಿವಿಯಲ್ಲಿ ತನ್ನ ಗುರುತಿದೆ ಅಂತ ರ್‍ಯಾಂಡಲ್ ತಕರಾರು ತೆಗೆದ. ನ್ಯಾಯ ಹೇಳಲು ಕೂತವರು 'ಪ್ರೀಚರ್ ಆನ್ಸ್' ಅಂತ ಕರೆಸಿಕೊಳ್ಳುತ್ತಿದ್ದ ಇನ್ನೊಬ್ಬ ಹ್ಯಾಟ್‌ಫೀಲ್ಡ್. ಪಾಪ, ಅವರು ನ್ಯಾಯವಾಗಿಯೇ ನಡೆದುಕೊಂಡರು. ಜ್ಯೂರಿಯಲ್ಲಿ ಆರು ಹ್ಯಾಟ್‌ಫೀಲ್ಡ್, ಆರು ಮೆಕಾಯ್ ಜನರನ್ನು ಕೂರಿಸಿದರು. ಕೊನೆಗೆ ಸೆಲ್ಕರ್ಕ್ ಮೆಕಾಯ್ ಅನ್ನುವವನು ಹ್ಯಾಟ್‌ಫೀಲ್ಡ್ ಕಡೆಗೆ ಮತ ಹಾಕಿದ. ರ್‍ಯಾಂಡಲ್ ಸೋತ.

ನೋಡಿ, ಮೆಕಾಯ್ ಆಗಿದ್ದೂ ಸೆಲ್ಕರ್ಕ್ ಯಾಕೆ ಹಾಗೆ ಮಾಡಿದ? ಅವನು ಡೆವಿಲ್ ಆನ್ಸ್‌ನ ನಾಟಾ ಕೆಲಸದಲ್ಲಿದ್ದ. ಅವನ ಊಟ ಅಲ್ಲಿಂದ ಬರುತ್ತಿತ್ತು. ಆ ಕಣಿವೆಯಲ್ಲಿ ಯಾರು ಯಾರ ಕಡೆ ಅನ್ನುವುದು ಹೆಸರಿನ ಮೇಲೆ ಮಾತ್ರ ನಿಂತಿರಲಿಲ್ಲ. ಎರಡು ಮನೆತನಗಳ ನಡುವೆ ಮದುವೆ ಸಂಬಂಧಗಳೂ ಇದ್ದವು. ಮೆಕಾಯ್‌ಗಳಲ್ಲಿ ಎಷ್ಟೋ ಜನ ಈ ಜಗಳದ ಹತ್ತಿರಕ್ಕೂ ಹೋಗಲಿಲ್ಲ. ಆನ್ಸ್‌ನ ಜೊತೆ ಬಂದೂಕು ಹಿಡಿದವರಲ್ಲಿ ಹ್ಯಾಟ್‌ಫೀಲ್ಡ್ ಅಲ್ಲದವರೂ ಇದ್ದರು, ಅವನ ಕೈಕೆಳಗೆ ದುಡಿಯುವವರು.

ಇದನ್ನು ಚೆನ್ನಾಗಿ ಬಿಡಿಸಿ ತೋರಿಸಿದವರು ಇತಿಹಾಸಕಾರ್ತಿ ಆಲ್ಟಿನಾ ವಾಲರ್. 1988ರಲ್ಲಿ ಬಂದ ಅವರ ಪುಸ್ತಕ ಓದಿದ ಮೇಲೆ ನನಗೆ ಈ ಧಾರಾವಾಹಿ ಬೇರೆಯಾಗಿಯೇ ಕಾಣಿಸಿತು.

ಸಂಜೆ ಓದುಗ

ಹೊರಗಿನ ಲಾಭ ಅಂದಿರಲ್ಲ, ಅದು ಪೆರಿ ಕ್ಲೈನ್ ವಿಷಯ ತಾನೇ? ಧಾರಾವಾಹಿಯಲ್ಲಿ ಆ ವಕೀಲನನ್ನು ಸುಮ್ನೆ ಒಬ್ಬ ಕುತಂತ್ರಿ ಅನ್ನುವ ಹಾಗೆ ತೋರಿಸಿದ್ದಾರೆ. ಜಮೀನಿನ ಮಾತು ಒಂದು ಕಡೆ ಬರುತ್ತದೆ, ಬಂದ ಹಾಗೇ ಹೋಗಿಬಿಡುತ್ತದೆ.

ಗುಡ್ಡದಾಚೆ

ಹೌದು, ಅವನದೇ. ಕ್ಲೈನ್‌ಗೆ ಹೊಳೆಯಾಚೆ 5,000 ಎಕರೆ ಕಾಡು ಅಪ್ಪನ ಆಸ್ತಿಯಾಗಿ ಬಂದಿತ್ತು. ತನ್ನ ಜಾಗದಲ್ಲಿ ಮರ ಕಡಿದ ಅಂತ 1872ರಲ್ಲಿ ಆನ್ಸ್ ಅವನ ಮೇಲೆ ದಾವೆ ಹಾಕಿದ. ಐದು ವರ್ಷ ಎಳೆದಾಡಿ ರಾಜಿ ಆಯಿತು. ರಾಜಿಯಲ್ಲಿ ಕ್ಲೈನ್ ಆ 5,000 ಎಕರೆಯನ್ನೂ ಬಿಟ್ಟುಕೊಟ್ಟ. ಓದು ಬರಹ ಬಾರದ, ಕಾಗದಕ್ಕೆ ಗೀಟು ಹಾಕುವ ಆನ್ಸ್ ಕೋರ್ಟಿನಲ್ಲಿ ಗೆದ್ದು ಆ ಕಣಿವೆಯ ದೊಡ್ಡ ನಾಟಾ ವ್ಯಾಪಾರಿಯಾದ. ಕ್ಲೈನ್ ಪೈಕ್‌ವಿಲ್ ಊರಿಗೆ ಹೋಗಿ ಓದಿ ವಕೀಲನಾದ, ರಾಜಕೀಯದಲ್ಲಿ ಬೆಳೆದ. ಕೊಲೆಯಾದ ಹಾರ್ಮನ್‌ನ ಹೆಂಡತಿ ಇವನ ಅಕ್ಕ ಅನ್ನುವುದನ್ನೂ ಸೇರಿಸಿಕೊಳ್ಳಿ.

1887ರಲ್ಲಿ ಕೆಂಟಕಿಗೆ ಸೈಮನ್ ಬಕ್ನರ್ ಅನ್ನುವ ಹೊಸ ಗವರ್ನರ್ ಬಂದರು. ಕ್ಲೈನ್ ಅವರ ಹತ್ತಿರ ಹೋಗಿ ಹಳೇ ವಾರಂಟುಗಳಿಗೆ ಜೀವ ಕೊಡಿಸಿದ. ಬಹುಮಾನ ಘೋಷಣೆಯಾಯಿತು. ಆ ಹೊತ್ತಿಗೆ ಇನ್ನೊಂದು ಸಂಗತಿ ನಡೆಯುತ್ತಿತ್ತು. ಟಗ್ ಕಣಿವೆಯಲ್ಲಿ ರೈಲು ಹಾಕುವ ಯೋಜನೆ ಬಂದಿತ್ತು. ಕಲ್ಲಿದ್ದಲಿನ ಮೇಲೆ ದೊಡ್ಡ ಊರುಗಳ ಹಣವಂತರ ಕಣ್ಣು ಬಿದ್ದಿತ್ತು. ಕೊಳ್ಳುವವರಿಲ್ಲದ ಗುಡ್ಡಕ್ಕೆ ಬೆಲೆ ಬಂತು. ಗಲಾಟೆ ತಾಳಲಾರದೆ 1888ರಲ್ಲಿ ಆನ್ಸ್ ಆ ಜಮೀನನ್ನು ಮಾರಿ ಒಳಗಿನ ಗುಡ್ಡಗಳ ಕಡೆ ಹೋಗಿಬಿಟ್ಟ. ನಾಲ್ಕು ವರ್ಷದಲ್ಲಿ ಆ ದಾರಿಯಲ್ಲಿ ರೈಲು ಬಂತು.

ಮೈಸೂರು ಅಮ್ಮ

ನಿಮ್ಮ ಜಮೀನಿನ ಲೆಕ್ಕ ಓದಿದೆ. ಸರಿಯಿರಬಹುದು. ಆದರೆ ನನಗೆ ಒಂದು ಮಾತು ಹೇಳಲೇಬೇಕು ಅನ್ನಿಸುತ್ತದೆ. ರ್‍ಯಾಂಡಲ್ ಎಲ್ಲಿ ಹೋದ ನಿಮ್ಮ ಕಥೆಯಲ್ಲಿ?

ಒಂದೇ ರಾತ್ರಿ ಮೂರು ಗಂಡು ಮಕ್ಕಳು. ಅವರಲ್ಲಿ ಕಿರಿಯ ಬಡ್ ಇನ್ನೂ ಹುಡುಗ. ತಾಯಿ ಸ್ಯಾಲಿ ಹೋಗಿ ಬೇಡಿಕೊಂಡಳು, ಬಿಡಲಿಲ್ಲ. ಕೊಂದವರು ಹೊಳೆಯಾಚೆ ಆರಾಮಾಗಿ ಓಡಾಡಿಕೊಂಡಿದ್ದಾರೆ ಅಂತ ದಿನವೂ ಗೊತ್ತಿದ್ದು ಐದು ವರ್ಷ ಬದುಕುವುದು ಅಂದರೆ ಏನು? ನೀವು ಅದಕ್ಕೆ 'ತಣ್ಣಗಿದ್ದ ಹಗೆ' ಅಂತ ಹೆಸರಿಟ್ಟಿದ್ದೀರಿ. ಆ ಮನೆಯೊಳಗೆ ಅದು ತಣ್ಣಗಿತ್ತು ಅಂತ ನಾನು ನಂಬುವುದಿಲ್ಲ. ಕ್ಲೈನ್‌ಗೆ ಅವನ ಲಾಭ ಇರಲಿ. ಆದರೆ ಆ ತಂದೆತಾಯಿಗೆ ಕೋರ್ಟಿನ ಬಾಗಿಲು ತೆರೆದಿದ್ದು ಅವನೊಬ್ಬನೇ ಅಲ್ವಾ?

ಬಿಲ್ ಪ್ಯಾಕ್ಸ್ಟನ್ ಮುಖ ನೋಡಿ. ಮೊದಲ ಭಾಗದಲ್ಲಿ ದೇವರ ಮೇಲೆ ಭಾರ ಹಾಕಿದ ಮನುಷ್ಯ. ಕೊನೆಯ ಭಾಗಕ್ಕೆ ಬರುವಾಗ ಪ್ರಾರ್ಥನೆಯೇ ಬಾಯಿಗೆ ಬರುವುದಿಲ್ಲ. ನಾನು ಮೂರು ರಾತ್ರಿ ಸರಿಯಾಗಿ ನಿದ್ದೆ ಮಾಡಲಿಲ್ಲ.

ಗುಡ್ಡದಾಚೆ

ಅಮ್ಮ, ನೀವು ಹೇಳಿದ್ದು ಈ ಚರ್ಚೆಗೆ ಬೇಕಾಗಿತ್ತು. ರ್‍ಯಾಂಡಲ್‌ನ ದುಃಖ ಸುಳ್ಳು ಅಂತ ನಾನು ಹೇಳುವುದಿಲ್ಲ. ಆದರೆ ಆ ದುಃಖಕ್ಕೆ ಐದು ವರ್ಷ ಯಾರೂ ಕಿವಿಗೊಡಲಿಲ್ಲ, ಜಮೀನಿಗೆ ಬೆಲೆ ಬಂದ ವರ್ಷವೇ ಎಲ್ಲರಿಗೂ ಕಿವಿ ಕೇಳಿಸಿತು. ನನ್ನ ಸಿಟ್ಟು ಅದರ ಮೇಲೆ. ಮತ್ತೆ ಆ ಕೋರ್ಟಿನ ಬಾಗಿಲು ತೆರೆದಾಗ ಆ ತಂದೆತಾಯಿಗೆ ಸಿಕ್ಕಿದ್ದಾದರೂ ಏನು? ಬಾಗಿಲು ತೆರೆದ ಕೆಲವೇ ತಿಂಗಳಲ್ಲಿ ಅವರ ಮನೆ ಸುಟ್ಟಿತು. ಇನ್ನೂ ಇಬ್ಬರು ಮಕ್ಕಳು, ಮಗಳು ಆಲಿಫೇರ್ ಮತ್ತು ಮಗ ಕ್ಯಾಲ್ವಿನ್, ಗುಂಡಿಗೆ ಸತ್ತರು. ಸ್ಯಾಲಿಯನ್ನು ಹೊಡೆದು ಹಿಮದಲ್ಲಿ ಬಿಟ್ಟು ಹೋದರು. ರ್‍ಯಾಂಡಲ್ ಹೇಗೋ ತಪ್ಪಿಸಿಕೊಂಡ.

ಮೈಸೂರು ಅಮ್ಮ

ಆ ದೃಶ್ಯ ನೋಡಲು ನನ್ನಿಂದ ಆಗಲೇ ಇಲ್ಲ. ಆದರೂ ನನ್ನ ಮಾತು ನನ್ನದೇ. ನ್ಯಾಯ ತಡವಾಗಿ ಬಂದಿದ್ದು ತಪ್ಪು. ಕೇಳಿದ್ದು ತಪ್ಪಲ್ಲ.

ನಿವೃತ್ತ ವಕೀಲ

ಈ ಜಗಳ ಅಮೆರಿಕದ ಸುಪ್ರೀಂ ಕೋರ್ಟ್‌ವರೆಗೆ ಹೋಯಿತು ಅನ್ನುವುದು ಅನೇಕರಿಗೆ ಗೊತ್ತಿಲ್ಲ. ಅದನ್ನು ಸ್ವಲ್ಪ ವಿವರವಾಗಿ ಹೇಳುತ್ತೇನೆ.

ಕೆಂಟಕಿ ಗವರ್ನರ್ ಆರೋಪಿಗಳನ್ನು ಒಪ್ಪಿಸಿ ಅಂತ ಕೇಳಿದರು. ವೆಸ್ಟ್ ವರ್ಜೀನಿಯಾದ ಗವರ್ನರ್ ವಿಲ್ಸನ್ ಒಪ್ಪಲಿಲ್ಲ. ಆಗ ಫ್ರಾಂಕ್ ಫಿಲಿಪ್ಸ್ ಅನ್ನುವವನು ಜನ ಕಟ್ಟಿಕೊಂಡು ಹೊಳೆ ದಾಟಿ ಹೋಗಿ ಸಿಕ್ಕವರನ್ನು ಹಿಡಿದು ತಂದ. ಅವನ ಕೈಯಲ್ಲಿದ್ದ ವಾರಂಟು ಆ ರಾಜ್ಯದಲ್ಲಿ ನಡೆಯುವಂಥದ್ದಲ್ಲ. ಅಂದರೆ ಕಾನೂನಿನ ಕಣ್ಣಲ್ಲಿ ಅದು ಅಪಹರಣ. ಈ ಹಿಡಿಯುವ ಭರದಲ್ಲೇ ಆನ್ಸ್‌ನ ಸೋದರಮಾವ ಜಿಮ್ ವ್ಯಾನ್ಸ್ ಫಿಲಿಪ್ಸ್‌ನ ಗುಂಡಿಗೆ ಬಲಿಯಾದ. ಗ್ರೇಪ್‌ವೈನ್ ಹಳ್ಳದ ಹತ್ತಿರ ಎರಡು ಕಡೆಯವರಿಗೂ ಬಹಿರಂಗ ಕಾಳಗವೇ ಆಯಿತು.

ಹಿಡಿದು ತಂದವರನ್ನು ಬಿಡುಗಡೆ ಮಾಡಿ ಅಂತ ವೆಸ್ಟ್ ವರ್ಜೀನಿಯಾ ಕೋರ್ಟಿಗೆ ಹೋಯಿತು. ಹಿಡಿಸಿಕೊಂಡವರಲ್ಲಿ ಒಬ್ಬನಾದ ಪ್ಲಯಂಟ್ ಮೇಹನ್‌ನ ಹೆಸರಿನಲ್ಲೇ ಆ ಮೊಕದ್ದಮೆ ಇದೆ. 1888ರ ಮೇ ತಿಂಗಳಲ್ಲಿ ತೀರ್ಪು ಬಂತು. ಹೆಚ್ಚಿನ ನ್ಯಾಯಮೂರ್ತಿಗಳು ಹೇಳಿದ್ದು ಇಷ್ಟು: ಹಿಡಿದು ತಂದ ರೀತಿ ಕಾನೂನಿಗೆ ವಿರುದ್ಧವಾಗಿರಬಹುದು. ಆದರೆ ಆರೋಪಿ ಈಗ ಕೆಂಟಕಿಯಲ್ಲಿ ಇದ್ದಾನೆ, ಅಲ್ಲಿನ ಕೋರ್ಟು ವಿಚಾರಣೆ ನಡೆಸಬಹುದು. ಬ್ರಾಡ್ಲಿ ಮತ್ತು ಹಾರ್ಲನ್ ಇಬ್ಬರೇ ಒಪ್ಪಲಿಲ್ಲ. ಹಾರ್ಲನ್ ಸ್ವತಃ ಕೆಂಟಕಿಯವರು ಅನ್ನುವುದನ್ನು ಗಮನಿಸಿ. ತನ್ನ ರಾಜ್ಯ ಗೆಲ್ಲುವ ತೀರ್ಪಿಗೆ ಅವರು ವಿರುದ್ಧ ನಿಂತರು. ನನಗೆ ಅವರ ಮೇಲೆ ಗೌರವ ಹೆಚ್ಚಾಯಿತು.

ನಮ್ಮಲ್ಲಿ ತನಿಖೆಯಲ್ಲಿ ಆದ ಲೋಪ ವಿಚಾರಣೆಯನ್ನು ತಾನಾಗೇ ಕೆಡಿಸುವುದಿಲ್ಲ ಅಂತ 1954ರಲ್ಲಿ ನಮ್ಮ ಸುಪ್ರೀಂ ಕೋರ್ಟ್ ರಿಷ್ಬುದ್ ಪ್ರಕರಣದಲ್ಲಿ ಹೇಳಿದೆ. ವಿಷಯ ಬೇರೆ, ಆದರೆ ಯೋಚನೆಯ ದಾರಿ ಹತ್ತಿರದ್ದು. ಕೆಲಸದಲ್ಲಿ ಇದ್ದಾಗ ಈ ಪ್ರಶ್ನೆ ನನ್ನನ್ನು ತುಂಬಾ ಕಾಡಿದೆ. ಪೊಲೀಸರು ಅಡ್ಡದಾರಿ ಹಿಡಿದರೂ ಕೇಸು ನಿಲ್ಲುತ್ತದೆ ಅಂತ ಒಮ್ಮೆ ಗೊತ್ತಾದರೆ, ಸರಿದಾರಿಯಲ್ಲಿ ಹೋಗುವವರು ಯಾರು?

ಇಷ್ಟು ದೊಡ್ಡ ವಿಷಯವನ್ನು ಧಾರಾವಾಹಿ ಅವಸರದಲ್ಲಿ ದಾಟಿಸಿದೆ. ಕೋರ್ಟಿನ ಒಳಗೆ ಒಂದು ಹತ್ತು ನಿಮಿಷ ನಿಲ್ಲಬಹುದಿತ್ತು.

ಧಾರವಾಡದ ಹುಡುಗ

ವಕೀಲ ಸಾಹೇಬ್ರೇ, ಇದು ನನಗೆ ಗೊತ್ತೇ ಇರಲಿಲ್ಲ. ಹಾಗಾದರೆ ಕೊನೆಗೆ ಶಿಕ್ಷೆ ಯಾರಿಗೆ ಆಯಿತು? ಡೆವಿಲ್ ಆನ್ಸ್‌ಗೆ ಏನೂ ಆಗಲಿಲ್ಲವಲ್ಲ.

ನಿವೃತ್ತ ವಕೀಲ

ಆಗಲಿಲ್ಲ. ಆನ್ಸ್ ಕೆಂಟಕಿ ಕೋರ್ಟಿನ ಮೆಟ್ಟಿಲು ಹತ್ತಲೇ ಇಲ್ಲ. 1889ರಲ್ಲಿ ಎಂಟು ಜನರಿಗೆ ಶಿಕ್ಷೆಯಾಯಿತು. ಏಳು ಜನಕ್ಕೆ ಜೀವಾವಧಿ. ಅವರಲ್ಲಿ ಆನ್ಸ್‌ನ ಅಣ್ಣ ವಾಲ್ ಕೂಡ ಒಬ್ಬರು, ಜೈಲಿನಲ್ಲೇ ತೀರಿಕೊಂಡರು. ಗಲ್ಲು ಆಗಿದ್ದು ಒಬ್ಬನಿಗೆ ಮಾತ್ರ: 'ಕಾಟನ್ ಟಾಪ್' ಅಂತ ಕರೆಯುತ್ತಿದ್ದ ಎಲಿಸನ್ ಮೌಂಟ್ಸ್.

ಸಾಗರದ ತೋಟ

ಕಾಟನ್ ಟಾಪ್ ಬಗ್ಗೆ ಬರೆಯಲೆಂದೇ ಲಾಗಿನ್ ಆದೆ.

ಇಡೀ ಧಾರಾವಾಹಿಯಲ್ಲಿ ನನ್ನನ್ನು ಬಿಡದೆ ಹಿಂಬಾಲಿಸಿದ್ದು ಆ ಹುಡುಗನ ಪಾತ್ರ. ನೋಯಲ್ ಫಿಶರ್ ಮಾಡಿದ್ದು. ಸತ್ತುಹೋದ ಎಲಿಸನ್‌ಗೆ ಮದುವೆಯಾಚೆ ಹುಟ್ಟಿದ ಮಗ ಅಂತ ಅವನನ್ನು ಹೇಳುತ್ತಾರೆ. ಬುದ್ಧಿ ಸ್ವಲ್ಪ ಕಡಿಮೆ. ಮನೆಯ ಹೆಸರು ಅವನಿಗೆ ಪೂರ್ತಿ ಸಿಗಲಿಲ್ಲ, ಮನೆಯ ಹಗೆ ಮಾತ್ರ ಪೂರ್ತಿ ಸಿಕ್ಕಿತು. ಆಲಿಫೇರ್‌ಳನ್ನು ಕೊಂದಿದ್ದು ನಾನೇ ಅಂತ ಒಪ್ಪಿಕೊಂಡ. ತಪ್ಪೊಪ್ಪಿಕೊಂಡರೆ ಕರುಣೆ ಸಿಗುತ್ತದೆ ಅಂತ ನಂಬಿದ್ದನಂತೆ. 1890ರ ಫೆಬ್ರವರಿ 18ರಂದು ಪೈಕ್‌ವಿಲ್‌ನಲ್ಲಿ ನೇಣು. ಜನ ನೋಡಬಾರದು ಅಂತ ಬೇಲಿ ಹಾಕಿದ್ದರು, ಆದರೂ ಸುತ್ತಲಿನ ಗುಡ್ಡಗಳ ಮೇಲಿಂದ ಸಾವಿರಾರು ಜನ ನೋಡಿದರು. ಹ್ಯಾಟ್‌ಫೀಲ್ಡ್‌ಗಳೇ ನನ್ನ ಕೈಯಲ್ಲಿ ಮಾಡಿಸಿದರು ಅಂತ ಅವನು ಕೊನೆಯಲ್ಲಿ ಕೂಗಿದ ಅನ್ನುತ್ತಾರೆ.

ದೊಡ್ಡವರ ಹಗೆ ಮನೆಯಲ್ಲಿ ಬಡವನಾಗಿ ಇದ್ದವನ ಕೊರಳಿಗೆ ಬಂತು. ಗುಡ್ಡದಾಚೆಯವರೇ, ನೀವು ಲಾಭ ಯಾರಿಗೆ ಅಂತ ಕೇಳಿದಿರಿ. ನಾನು ನಷ್ಟ ಯಾರಿಗೆ ಅಂತ ನೋಡುತ್ತೇನೆ. ಎರಡೂ ಕಡೆಯ ಯಜಮಾನರು ಮುದುಕರಾಗಿ ಸತ್ತರು. ರ್‍ಯಾಂಡಲ್ 1914ರಲ್ಲಿ, ಬೆಂಕಿಯ ಗಾಯದಿಂದ. ಆನ್ಸ್ 1921ರಲ್ಲಿ, ನ್ಯುಮೋನಿಯಾದಿಂದ, ಮನೆಯವರ ನಡುವೆ. ಸತ್ತ ಮಕ್ಕಳಲ್ಲಿ ಎಷ್ಟೋ ಜನ ಇಪ್ಪತ್ತೈದು ದಾಟಿರಲಿಲ್ಲ.

ಓಹಾಯೋ ಕನ್ನಡತಿ

ನಮಸ್ಕಾರ ಎಲ್ಲರಿಗೂ. ಈ ಜಾಗ ನಮ್ಮ ರಾಜ್ಯದಿಂದ ದೂರ ಇಲ್ಲ. ಪೈಕ್‌ವಿಲ್‌ಗೆ, ಹೊಳೆಯಾಚೆ ಮೇಟ್‌ವಾನ್‌ಗೆ ಹೋಗಿ ನೋಡಿದ್ದೇವೆ.

ಅಲ್ಲಿಗೆ ಹೋದರೆ ಮೊದಲು ಅರ್ಥವಾಗುವುದು ಎಷ್ಟು ಇಕ್ಕಟ್ಟು ಅಂತ. ಟಗ್ ಫೋರ್ಕ್ ದೊಡ್ಡ ನದಿಯಲ್ಲ. ಬೇಸಿಗೆಯಲ್ಲಿ ಕೆಲವು ಕಡೆ ನಡೆದೇ ದಾಟಬಹುದು. ಎರಡು ಬದಿಯೂ ಕಡಿದಾದ ಗುಡ್ಡ, ನಡುವೆ ಸ್ವಲ್ಪವೇ ಸಮ ಜಾಗ. ಉಳುವ ನೆಲ ಕಡಿಮೆ, ಮಕ್ಕಳು ಜಾಸ್ತಿ. ಆನ್ಸ್ ಮತ್ತು ಲೆವಿಸಿಗೆ 13 ಮಕ್ಕಳು. ಗಂಡು ಮಕ್ಕಳಿಗೆ ಪಾಲು ಎಲ್ಲಿಂದ ಬರಬೇಕು? ಅಪ್ಪನ ನಾಟಾ ಕೆಲಸ ಬಿಟ್ಟರೆ ದಾರಿಯಿಲ್ಲ. ಅಪ್ಪನ ಕೆಲಸದಲ್ಲಿದ್ದ ಮೇಲೆ ಅಪ್ಪನ ಜಗಳದಲ್ಲೂ ಇರಲೇಬೇಕು. ಗುಡ್ಡದಾಚೆಯವರು ಹೇಳುವ ವಿಷಯ ಆ ನೆಲ ನೋಡಿದವರಿಗೆ ಬೇಗ ಮನಸ್ಸಿಗೆ ಹೋಗುತ್ತದೆ.

ಧಾರಾವಾಹಿಯಲ್ಲಿ ಕಾಣುವುದು ಆ ಜಾಗ ಅಲ್ಲ. ಚಿತ್ರೀಕರಣ ಮಾಡಿದ್ದು ರೊಮೇನಿಯಾ ದೇಶದಲ್ಲಿ, ಕಾರ್ಪೇಥಿಯನ್ ಬೆಟ್ಟಗಳಲ್ಲಿ. ಕಣ್ಣಿಗೆ ಚೆಂದ. ಬೆಟ್ಟ ಎತ್ತರ, ಹುಲ್ಲುಗಾವಲು ವಿಶಾಲ. ಆದರೆ ಆ ವಿಶಾಲವೇ ಕಥೆಗೆ ಪೆಟ್ಟು ಕೊಟ್ಟಿದೆ ಅಂತ ನನ್ನ ಅಭಿಪ್ರಾಯ. ಇಷ್ಟೊಂದು ಜಾಗ ಇರುವಾಗ ಇವರು ದೂರ ದೂರ ಇರಬಹುದಿತ್ತಲ್ಲ ಅನ್ನಿಸುತ್ತದೆ. ನಿಜವಾದ ಕಣಿವೆಯಲ್ಲಿ ಚುನಾವಣೆ, ಅಂಗಡಿ, ಪ್ರಾರ್ಥನೆ ಎಲ್ಲದಕ್ಕೂ ಒಬ್ಬರಿಗೊಬ್ಬರು ಎದುರಾಗಲೇಬೇಕು.

ರೋಸಾನಾ ಬಗ್ಗೆ ಇನ್ನೂ ಯಾರೂ ಬರೆದಿಲ್ಲ. ಯಾಕೆ?

ಸಂಜೆ ಓದುಗ

ನಾನು ಬರೆಯುತ್ತೇನೆ. ಎಲ್ಲರೂ ಜಾನ್ಸ್ ಮತ್ತು ರೋಸಾನಾ ಕಥೆಯನ್ನು ದೊಡ್ಡ ಪ್ರೇಮಕಥೆ ಮಾಡಿ ಹೇಳುತ್ತಾರೆ. ಧಾರಾವಾಹಿಯೂ ಅರ್ಧ ಹಾಗೇ ಮಾಡಿದೆ. ನಡೆದದ್ದು ನೋಡಿ. ಅವಳು ಅಪ್ಪನ ಮನೆ ಬಿಟ್ಟು ಹ್ಯಾಟ್‌ಫೀಲ್ಡ್ ಮನೆಗೆ ಹೋಗಿ ಇದ್ದಳು. ಆನ್ಸ್ ಮದುವೆಗೆ ಒಪ್ಪಲಿಲ್ಲ. ಜಾನ್ಸ್ ಕೂಡ ಅಪ್ಪನಿಗೆ ಎದುರಾಡಲಿಲ್ಲ. ಬಸುರಿಯಾಗಿ ವಾಪಸ್ ಬಂದಳು. ಆಮೇಲೆ ಮೆಕಾಯ್‌ಗಳು ಜಾನ್ಸ್‌ನನ್ನು ಹಿಡಿದಾಗ, ಅವನನ್ನು ಕೊಲ್ಲುತ್ತಾರೇನೋ ಅಂತ ಹೆದರಿ ರಾತ್ರಿ ಕುದುರೆ ಏರಿ ಹೋಗಿ ಆನ್ಸ್‌ಗೆ ಸುದ್ದಿ ಮುಟ್ಟಿಸಿದಳು. ತನ್ನ ಅಪ್ಪನಿಗೆ ವಿರುದ್ಧವಾಗಿ ಹೋಗಿ ಅವನ ಜೀವ ಉಳಿಸಿದಳು.

ಅದಕ್ಕೆ ಸಿಕ್ಕಿದ್ದೇನು? ಮಗು ದಡಾರ ಬಂದು ತೀರಿಕೊಂಡಿತು. 1881ರಲ್ಲಿ ಜಾನ್ಸ್ ಮದುವೆಯಾದ, ಬೇರೆ ಯಾರನ್ನೂ ಅಲ್ಲ, ರೋಸಾನಾಳ ಚಿಕ್ಕಪ್ಪನ ಮಗಳು ನ್ಯಾನ್ಸಿ ಮೆಕಾಯ್‌ಳನ್ನು. ಈ ನ್ಯಾನ್ಸಿ ಕೊಲೆಯಾದ ಹಾರ್ಮನ್‌ನ ಮಗಳು. ರೋಸಾನಾ ಚಿಕ್ಕ ವಯಸ್ಸಿಗೇ ಹೋಗಿಬಿಟ್ಟಳು. ಲಿಂಡ್ಸೆ ಪಲ್ಸಿಫರ್ ಈ ಪಾತ್ರವನ್ನು ಹೆಚ್ಚು ಮಾತಿಲ್ಲದೆ ಮಾಡಿದ್ದಾರೆ. ಅಳುವುದಕ್ಕೆ ಹೇಳಿ ಮಾಡಿಸಿದ ದೃಶ್ಯಗಳಲ್ಲೂ ಜೋರಾಗಿ ಅಳುವುದಿಲ್ಲ. ನನಗೆ ಅದು ಹಿಡಿಸಿತು.

ಓಹಾಯೋ ಕನ್ನಡತಿ

ನ್ಯಾನ್ಸಿಗೆ ಧಾರಾವಾಹಿ ಅನ್ಯಾಯ ಮಾಡಿದೆ. ಹೊಂಚು ಹಾಕಿ ಕೂತ ಹೆಂಗಸು ಅನ್ನುವ ಹಾಗೆ ತೋರಿಸಿದ್ದಾರೆ. ಅವಳ ಜಾಗದಲ್ಲಿ ನಿಂತು ನೋಡಿ. ಅಪ್ಪನನ್ನು ಗಂಡನ ಕಡೆಯವರು ಕೊಂದಿದ್ದಾರೆ ಅನ್ನುವ ಮಾತು ಕೇಳಿಕೊಂಡೇ ಬೆಳೆದಳು. ಆಮೇಲೆ ಮೈದುನ ಕ್ಯಾಪ್ ಅವಳ ಅಣ್ಣ ಜೆಫ್‌ನನ್ನೂ ಕೊಂದ. ಗಂಡನನ್ನು ಬಿಟ್ಟು ಹೊಳೆ ದಾಟಿ ಬಂದಳು, ಮುಂದೆ ಫ್ರಾಂಕ್ ಫಿಲಿಪ್ಸ್‌ನನ್ನು ಮದುವೆಯಾದಳು. ಇದರಲ್ಲಿ ಒಳಸಂಚು ಯಾಕೆ ಹುಡುಕಬೇಕು? ಅಲ್ಲಿ ಇರಲು ಆಗಲಿಲ್ಲ, ಹೊರಟಳು.

ಮೈಸೂರು ಅಮ್ಮ

ಬಂಗಾರದಂಥ ಮಾತು ಹೇಳಿದೆಯಮ್ಮ. ಗಂಡಸರಿಗೆ ಸೇಡು ಅಂದರೆ ಶೌರ್ಯ, ಹೆಂಗಸು ಮನೆ ಬಿಟ್ಟರೆ ಸಂಚು. ನಮ್ಮ ಧಾರಾವಾಹಿಗಳಲ್ಲೂ ಇದೇ ಕಾಯಿಲೆ. ಸಂಜೆ ಏಳಕ್ಕೆ ಟಿವಿ ಹಾಕಿದರೆ ಎರಡು ಮನೆ ಜಗಳಕ್ಕೆ ಕಾರಣ ಒಬ್ಬಳು ಅತ್ತೆಯೋ ಓರಗಿತ್ತಿಯೋ ಆಗಿರಲೇಬೇಕು. ಆಸ್ತಿ ಪತ್ರಕ್ಕೆ ಸಹಿ ಹಾಕುವ ಗಂಡಸರು ಮಾತ್ರ ಸೋಫಾ ಮೇಲೆ ಒಳ್ಳೆಯವರಾಗಿ ಕೂತಿರುತ್ತಾರೆ.

ಧಾರವಾಡದ ಹುಡುಗ

ಒಂದು ಪ್ರಶ್ನೆ. ಮೆಕಾಯ್ ವಂಶದವರಿಗೆ ಸಿಟ್ಟು ಬರಿಸುವ ಯಾವುದೋ ಕಾಯಿಲೆ ಇತ್ತು, ಅದಕ್ಕೇ ಇಷ್ಟೆಲ್ಲ ಕೊಲೆ ಅಂತ ಎಲ್ಲೋ ಓದಿದ್ದೆ. ನಿಜವಾ?

ಗುಡ್ಡದಾಚೆ

2007ರಲ್ಲಿ ಆ ಸುದ್ದಿ ಬಂದಿತ್ತು. ಮೆಕಾಯ್ ವಂಶದ ಕೆಲವರಲ್ಲಿ ವಾನ್ ಹಿಪ್ಪಲ್ ಲಿಂಡೌ ಅನ್ನುವ ಅನುವಂಶಿಕ ಕಾಯಿಲೆ ಇದೆ. ಮೂತ್ರಪಿಂಡದ ಮೇಲಿರುವ ಗ್ರಂಥಿಯಲ್ಲಿ ಗಡ್ಡೆಯಾಗಿ ಅಡ್ರಿನಲಿನ್ ಜಾಸ್ತಿ ಹರಿಯುತ್ತದೆ. ರಕ್ತದೊತ್ತಡ ಏರುತ್ತದೆ, ಎದೆ ಬಡಿತ ಏರುತ್ತದೆ, ಸಿಡುಕು ಬರಬಹುದು. ಕಾಯಿಲೆ ನಿಜ. ಆದರೆ ಅದು ಜಗಳವನ್ನು ವಿವರಿಸುವುದಿಲ್ಲ. ಹ್ಯಾಟ್‌ಫೀಲ್ಡ್‌ಗಳಿಗೆ ಆ ಗಡ್ಡೆ ಇರಲಿಲ್ಲವಲ್ಲ, ಅವರೂ ಕೊಂದರು. ಕ್ಲೈನ್‌ಗೆ ಜಮೀನು ಹೋಗಿದ್ದು ಗಡ್ಡೆಯಿಂದಲ್ಲ.

ರಕ್ತದಲ್ಲೇ ಇತ್ತು ಅನ್ನುವ ವಿವರಣೆ ಕಂಡರೆ ನನಗೆ ಸಂಕಟವಾಗುತ್ತದೆ. 1888ರಲ್ಲಿ ನ್ಯೂಯಾರ್ಕ್ ವರ್ಲ್ಡ್ ಪತ್ರಿಕೆಯ ಟಿ.ಸಿ. ಕ್ರಾಫರ್ಡ್ ಆ ಗುಡ್ಡಗಳಿಗೆ ಹೋಗಿ ಬರೆದ ವರದಿಗಳು ಇದೇ ಬಣ್ಣದಲ್ಲಿದ್ದವು. ಗುಡ್ಡಗಾಡಿನವರು, ಕಾಡುಜನ, ಕುಡಿಯುತ್ತಾರೆ, ಕೊಲ್ಲುತ್ತಾರೆ. ಪೇಟೆಯ ಓದುಗರು ಅದನ್ನು ಆಸೆಯಿಂದ ಓದಿದರು. ಇಂಥವರ ಕೈಯಲ್ಲಿ ನೆಲ ಯಾಕಿರಬೇಕು, ಕಂಪನಿಗಳು ಬಂದು ಸುಧಾರಿಸಲಿ ಅನ್ನುವ ಮಾತಿಗೆ ಅದು ದಾರಿ ಮಾಡಿಕೊಟ್ಟಿತು. ಆ ಗುಡ್ಡದ ಜನಕ್ಕೆ ಅವತ್ತು ಅಂಟಿದ ಹೆಸರು ಇನ್ನೂ ಹೋಗಿಲ್ಲ.

ನಿವೃತ್ತ ವಕೀಲ

ಒಪ್ಪುತ್ತೇನೆ. ಜೊತೆಗೆ ನಟನೆಯ ಬಗ್ಗೆ ಎರಡು ಮಾತು. ಕಾಸ್ಟ್ನರ್‌ಗೆ ಎಮ್ಮಿ ಪ್ರಶಸ್ತಿ ಬಂತು. ಜಿಮ್ ವ್ಯಾನ್ಸ್ ಪಾತ್ರ ಮಾಡಿದ ಟಾಮ್ ಬೆರೆಂಜರ್‌ಗೂ ಬಂತು. ಬೆರೆಂಜರ್‌ಗೆ ಬಂದಿದ್ದು ಬಹಳ ಸರಿ. ಅವರು ನಕ್ಕಾಗಲೇ ಜಾಸ್ತಿ ಭಯವಾಗುತ್ತದೆ. ಆದರೆ ಪ್ಯಾಕ್ಸ್ಟನ್‌ಗೂ ಕಾಸ್ಟ್ನರ್‌ಗೂ ಹೋಲಿಸಿದರೆ ನನ್ನ ಮತ ಪ್ಯಾಕ್ಸ್ಟನ್‌ಗೆ. ಸೋಲುವ ಮನುಷ್ಯನನ್ನು ಕೆಟ್ಟವನನ್ನಾಗಿಯೂ ಮಾಡದೆ, ದೊಡ್ಡವನನ್ನಾಗಿಯೂ ಮಾಡದೆ ಆಡುವುದು ಕಷ್ಟ. ಸ್ಯಾಲಿಯ ಪಾತ್ರದಲ್ಲಿ ಮೇರ್ ವಿನಿಂಗ್‌ಹ್ಯಾಮ್ ಕೂಡ ಹಾಗೇ.

ಸಾಗರದ ತೋಟ

ಕ್ಯಾಪ್ ಹ್ಯಾಟ್‌ಫೀಲ್ಡ್ ಆಗಿ ಬಾಯ್ಡ್ ಹಾಲ್‌ಬ್ರೂಕ್ ಮಾಡಿದ್ದನ್ನೂ ಸೇರಿಸಿ. ಅಪ್ಪನ ಮಾತು ಬರುವ ಮೊದಲೇ ಬಂದೂಕು ಎತ್ತುವ ಮಗ. ಜಾನ್ಸ್ ಅಪ್ಪನಿಗೆ ಹೆದರುತ್ತಾನೆ, ಕ್ಯಾಪ್ ಅಪ್ಪನನ್ನು ಮೆಚ್ಚಿಸಲು ಓಡುತ್ತಾನೆ. ಇಬ್ಬರಿಗೂ ಸ್ವಂತ ದಾರಿ ಇಲ್ಲ. ಒಂದು ತಲೆಮಾರಿನಿಂದ ಇನ್ನೊಂದಕ್ಕೆ ಹಗೆ ಹೇಗೆ ಹೋಗುತ್ತದೆ ಅಂತ ಈ ಅಣ್ಣತಮ್ಮಂದಿರ ನಡುವೆಯೇ ಕಾಣುತ್ತದೆ. ಭಾಷಣವಿಲ್ಲ. ಊಟದ ಹೊತ್ತಿನಲ್ಲಿ ಅಪ್ಪ ಯಾರ ಕಡೆ ನೋಡುತ್ತಾನೆ, ಯಾರ ಕಡೆ ನೋಡುವುದಿಲ್ಲ, ಅಷ್ಟೇ.

ಸಂಜೆ ಓದುಗ

ಆಮೇಲಿನ ತಲೆಮಾರಿನ ಕಥೆ ಯಾರಿಗಾದರೂ ಗೊತ್ತಾ? ಜಗಳ ನಿಜವಾಗಿ ಯಾವಾಗ ನಿಂತಿತು?

ಓಹಾಯೋ ಕನ್ನಡತಿ

ಗಲ್ಲು ಆದ ಮೇಲೆ ದೊಡ್ಡ ಮಟ್ಟದ ಕೊಲೆಗಳು ನಿಂತವು. ಎರಡೂ ವಂಶದವರು 2003ರ ಜೂನ್‌ನಲ್ಲಿ ಪೈಕ್‌ವಿಲ್‌ನಲ್ಲಿ ಸೇರಿ ಶಾಂತಿ ಪತ್ರಕ್ಕೆ ಸಹಿ ಹಾಕಿದರು. ಅಷ್ಟು ಹೊತ್ತಿಗೆ ಜಗಳ ಇರಲಿಲ್ಲ ಬಿಡಿ. ಆದರೂ ಸಹಿ ಹಾಕಬೇಕು ಅಂತ ಅವರಿಗೆ ಅನ್ನಿಸಿತಲ್ಲ, ನನಗೆ ಅದು ಇಷ್ಟವಾಯಿತು. ಈಗ ಅಲ್ಲಿ ಪಾಪಾ ಗಿಡಗಳಿದ್ದ ಜಾಗ, ಮನೆ ಸುಟ್ಟ ಜಾಗ ಎಲ್ಲಕ್ಕೂ ಫಲಕ ಹಾಕಿದ್ದಾರೆ. ಆನ್ಸ್‌ನ ಸಮಾಧಿ ಮೇಲೆ ಇಟಲಿಯ ಅಮೃತಶಿಲೆಯಲ್ಲಿ ಆಳೆತ್ತರದ ಪ್ರತಿಮೆ ಇದೆ.

ಗುಡ್ಡದಾಚೆ

ನಂತರದ ತಲೆಮಾರಿನ ವಿಷಯದಲ್ಲಿ ನನಗೆ ತುಂಬಾ ಹಿಡಿಸಿದ್ದು ಹೆನ್ರಿ ಹ್ಯಾಟ್‌ಫೀಲ್ಡ್. ಆನ್ಸ್‌ನ ತಮ್ಮ ಎಲಿಯಾಸ್‌ನ ಮಗ. ಡಾಕ್ಟರ್ ಓದಿದರು. 1913ರಿಂದ 1917ರವರೆಗೆ ವೆಸ್ಟ್ ವರ್ಜೀನಿಯಾದ ಗವರ್ನರ್, ಆಮೇಲೆ ಅಮೆರಿಕದ ಸೆನೆಟರ್. ಅವರು ಗವರ್ನರ್ ಆದಾಗ ಆನ್ಸ್ ಇನ್ನೂ ಬದುಕಿದ್ದ. ರಕ್ತದಲ್ಲೇ ಹಗೆ ಇತ್ತು ಅನ್ನುವವರಿಗೆ ನಾನು ಈ ಹೆಸರನ್ನೇ ಹೇಳುವುದು. ಅದೇ ಮನೆ, ಅದೇ ರಕ್ತ. ಓದಲು ಒಂದು ದಾರಿ ಸಿಕ್ಕಿತು.

ಆದರೆ ಕಣಿವೆಗೆ ನೆಮ್ಮದಿ ಸಿಗಲಿಲ್ಲ. ಹೆನ್ರಿ ಕುರ್ಚಿ ಹಿಡಿದಾಗ ಗಣಿ ಕಾರ್ಮಿಕರ ಮುಷ್ಕರ ಉರಿಯುತ್ತಿತ್ತು. 1920ರ ಮೇ 19ರಂದು ಇದೇ ಮೇಟ್‌ವಾನ್ ಊರಿನಲ್ಲಿ ಗುಂಡು ಹಾರಿತು. ಒಂದು ಕಡೆ ಗಣಿ ಕಂಪನಿಗಳ ಕೂಲಿ ಪತ್ತೇದಾರರು, ಇನ್ನೊಂದು ಕಡೆ ಕಾರ್ಮಿಕರು ಮತ್ತು ಊರಿನ ಪೊಲೀಸ್ ಮುಖ್ಯಸ್ಥ ಸಿಡ್ ಹ್ಯಾಟ್‌ಫೀಲ್ಡ್. ಒಂದು ಕಾಲಕ್ಕೆ ಹ್ಯಾಟ್‌ಫೀಲ್ಡ್‌ಗಳೂ ಮೆಕಾಯ್‌ಗಳೂ ಸ್ವಂತದ್ದು ಅಂತ ಕಡಿದಾಡಿದ ಗುಡ್ಡಗಳ ಒಡೆಯರು ಆಗ ದೂರದ ಪೇಟೆಗಳಲ್ಲಿದ್ದರು.

ಮೈಸೂರು ಅಮ್ಮ

ಆ ಮೇಟ್‌ವಾನ್ ಕಥೆಯನ್ನು ಪ್ರತ್ಯೇಕವಾಗಿ ಬರೆಯಪ್ಪ. ಮುಷ್ಕರ ಮಾಡಿದ ಕುಟುಂಬಗಳಿಗೆ ಮುಂದೆ ಏನಾಯಿತು ಅಂತ ನನಗೆ ತಿಳಿಯಬೇಕು.

ಗುಡ್ಡದಾಚೆ

ಬರೆಯುತ್ತೇನೆ ಅಮ್ಮ. ಸಂಘ ಸೇರಿದವರನ್ನು ಕಂಪನಿ ಮನೆಗಳಿಂದ ಹೊರಗೆ ಹಾಕಿದ್ದರು, ಮಕ್ಕಳು ಮರಿ ಕಟ್ಟಿಕೊಂಡು ಡೇರೆಗಳಲ್ಲಿ ಚಳಿಗಾಲ ಕಳೆದರು. ಅಲ್ಲಿಂದಲೇ ಶುರು ಮಾಡುತ್ತೇನೆ.